ವೆರೋಲಿಯಿಂದ ಮಿಲಾನ್‌ಗೆ: ಎನ್‌ಬಿಎ ಕಾಣದ ಆಟಗಾರನ 16 ವರ್ಷ

ಪ್ರಶ್ನೆ: ನನ್ನ ಅಕ್ಕನ ಮಗನಿಗೆ ಬ್ಯಾಸ್ಕೆಟ್‌ಬಾಲ್ ಹುಚ್ಚು. ಎನ್‌ಬಿಎಯಲ್ಲಿ ಜಾಗ ಸಿಗದ ಅಮೆರಿಕನ್ನರು ಗ್ರೀಸ್, ಟರ್ಕಿ, ಚೀನಾ ಅಂತ ಹೋಗಿ ಆಡುತ್ತಾರಂತೆ. ಅದು ಹೊಟ್ಟೆ ತುಂಬಿಸುವ ಕೆಲಸವೇ, ಇಲ್ಲ ಸೋತವರ ಸಮಾಧಾನವೇ?
– ಓದುಗರೊಬ್ಬರು, ಮಂಡ್ಯ

ಉತ್ತರ: ಮೊದಲು ಕುರ್ಚಿಗಳ ಲೆಕ್ಕ ನೋಡಿ. ಎನ್‌ಬಿಎಯಲ್ಲಿ 30 ತಂಡ, ತಂಡದ ಖಾಯಂ ಪಟ್ಟಿಯಲ್ಲಿ 15 ಜನ. ಎಲ್ಲ ಸೇರಿ 450. ಅಮೆರಿಕದ ಕಾಲೇಜುಗಳ ಮೊದಲ ದರ್ಜೆಯಲ್ಲೇ 350ಕ್ಕೂ ಹೆಚ್ಚು ತಂಡಗಳಿವೆ. ತಂಡಗಳು ಹೊಸಬರನ್ನು ಆರಿಸಿಕೊಳ್ಳಲು ವರ್ಷಕ್ಕೊಮ್ಮೆ ನಡೆಸುವ ಡ್ರಾಫ್ಟ್‌ನಲ್ಲಿ ಹೆಸರು ಕೂಗುವುದು ಹೆಚ್ಚೆಂದರೆ 60 ಜನರದ್ದು. ಉಳಿದವರಿಗೆಲ್ಲ ಆಟ ಬರುವುದಿಲ್ಲ ಅಂತಲ್ಲ, ಕುರ್ಚಿ ಕಡಿಮೆ ಅಷ್ಟೆ.

ಹಾಗೆ ಉಳಿದವರಲ್ಲಿ ಒಬ್ಬ ಕೈಲ್ ಹೈನ್ಸ್. ಊರು ನ್ಯೂಜೆರ್ಸಿ, ಓದಿದ್ದು ನಾರ್ತ್ ಕೆರೊಲಿನಾದ ಗ್ರೀನ್ಸ್‌ಬರೋದಲ್ಲಿ. 2008ರ ಡ್ರಾಫ್ಟ್‌ನಲ್ಲಿ ಅವನ ಹೆಸರು ಬರಲಿಲ್ಲ. ಕಾರಣ ಊಹಿಸುವುದು ಕಷ್ಟವಲ್ಲ: ಅವನು ಆಡುವುದು ಸೆಂಟರ್ ಸ್ಥಾನದಲ್ಲಿ, ಎತ್ತರ 6 ಅಡಿ 6 ಅಂಗುಲ. ನಮ್ಮ ಬಸ್ಸಿನಲ್ಲಿ ತಲೆ ತಗ್ಗಿಸಿ ನಿಲ್ಲಬೇಕಾದ ಆಳು, ಆದರೆ 7 ಅಡಿಯವರು ಕಾಯುವ ಬುಟ್ಟಿಯ ಕೆಳಗೆ ಗಿಡ್ಡ. ಅವನಿಗೆ ಸಿಕ್ಕ ಮೊದಲ ಕೆಲಸ ಇಟಲಿಯ ಎರಡನೇ ದರ್ಜೆಯ ಲೀಗ್‌ನಲ್ಲಿ, ರೋಮ್‌ನ ಆಗ್ನೇಯಕ್ಕೆ ಗುಡ್ಡದ ಮೇಲಿರುವ ವೆರೋಲಿ ಎಂಬ ಸಣ್ಣ ಊರಿನ ತಂಡದಲ್ಲಿ. ಎರಡು ವರ್ಷ ಅಲ್ಲಿ. ಆಮೇಲೆ ಜರ್ಮನಿಯ ಬಾಂಬೆರ್ಗ್, ಬಿಯರ್‌ಗೆ ಹೆಸರಾದ ಪಟ್ಟಣ. ಅಲ್ಲಿ ಒಂದೇ ವರ್ಷದಲ್ಲಿ ಲೀಗ್ ಮತ್ತು ಕಪ್ ಎರಡೂ ಬಂದವು. 2011ರಲ್ಲಿ ಗ್ರೀಸಿನ ಒಲಿಂಪಿಯಾಕೋಸ್ ಕರೆಯಿತು.

ಈ ಏಣಿಯನ್ನು ಗಮನಿಸಿ. ಹೊರದೇಶದ ಲೀಗ್‌ಗಳಲ್ಲಿ ಮೇಲೇರುವುದು ಹೀಗೇ: ಎರಡನೇ ದರ್ಜೆ, ಆಮೇಲೆ ಮಧ್ಯಮ ಲೀಗ್, ಆಮೇಲೆ ಯೂರೋಪಿನ ದೊಡ್ಡ ಕ್ಲಬ್ಬುಗಳ ಯೂರೋಲೀಗ್. ಒಂದು ಮೆಟ್ಟಿಲು ಜಾರಿದರೆ ಮುಂದಿನ ಫೋನ್ ಬರುವುದಿಲ್ಲ.

2012ರ ಮೇ ತಿಂಗಳು, ಇಸ್ತಾಂಬುಲ್‌ನಲ್ಲಿ ಯೂರೋಲೀಗ್ ಫೈನಲ್. ಎದುರಿಗೆ ದುಡ್ಡಿನ ತಂಡ ಸಿಎಸ್‌ಕೆಎ ಮಾಸ್ಕೋ. ಮೂರನೇ ಕ್ವಾರ್ಟರ್‌ನಲ್ಲಿ ಒಲಿಂಪಿಯಾಕೋಸ್ 19 ಅಂಕ ಹಿಂದೆ. ಆಟ ಮುಗಿಯಿತು ಎಂದು ಟಿವಿ ಆರಿಸಿದವರು ಬಹಳ ಜನ ಇದ್ದಿರಬೇಕು. ಕೊನೆಗೆ ಒಲಿಂಪಿಯಾಕೋಸ್‌ನ ಪ್ರಿಂಟೆಜಿಸ್ ಎತ್ತಿ ಹಾಕಿದ ಚೆಂಡು ಒಳಗೆ ಬಿದ್ದಾಗ ಗಡಿಯಾರದಲ್ಲಿ ಒಂದು ಸೆಕೆಂಡೂ ಉಳಿದಿರಲಿಲ್ಲ. 62–61. ಮುಂದಿನ ವರ್ಷ ಲಂಡನ್‌ನಲ್ಲಿ ರಿಯಲ್ ಮ್ಯಾಡ್ರಿಡ್ ವಿರುದ್ಧ ಮತ್ತೆ ಗೆಲುವು. ಆಗ ಸಿಎಸ್‌ಕೆಎಯವರು ಜಾಣತನ ಮಾಡಿದರು, ಹೈನ್ಸ್‌ನನ್ನೇ ಮಾಸ್ಕೋಗೆ ಕರೆಸಿಕೊಂಡರು. ಅಲ್ಲಿ ಏಳು ಋತು ಆಡಿ 2016 ಮತ್ತು 2019ರಲ್ಲಿ ಇನ್ನೆರಡು ಪಟ್ಟ ಗೆದ್ದ. ಅತ್ಯುತ್ತಮ ಡಿಫೆಂಡರ್ ಪ್ರಶಸ್ತಿ ಮೂರು ಸಲ. 2020ರಿಂದ ಮಿಲಾನ್, 2024ರಲ್ಲಿ ನಿವೃತ್ತಿ. ಇಷ್ಟೆಲ್ಲ ಆಡಿದವನು ಎನ್‌ಬಿಎಯಲ್ಲಿ ಒಂದೇ ಒಂದು ಪಂದ್ಯವನ್ನೂ ಆಡಿಲ್ಲ. ಇವನನ್ನು ಸೋತವನು ಅನ್ನಲು ನನಗಂತೂ ಬಾಯಿ ಬರುವುದಿಲ್ಲ.

ಗಿಡ್ಡ ಸೆಂಟರ್ ಅಲ್ಲಿ ಹೇಗೆ ಮೆರೆದ? ಭುಜಬಲ, ಕಾಲಿನ ಚುರುಕು ಅವನವೇ. ಜೊತೆಗೆ ನಿಯಮಗಳೂ ಬೇರೆ. ಯೂರೋಪಿನಲ್ಲಿ ಆಟ 40 ನಿಮಿಷ, ಎನ್‌ಬಿಎಯಲ್ಲಿ 48. ಮೂರು ಅಂಕದ ಗೆರೆ ಯೂರೋಪಿನಲ್ಲಿ 6.75 ಮೀಟರ್, ಎನ್‌ಬಿಎಯಲ್ಲಿ 7.24. ಯೂರೋಪಿನಲ್ಲಿ ಐದು ಫೌಲ್‌ಗೆ ಆಟಗಾರ ಹೊರಗೆ, ಎನ್‌ಬಿಎಯಂತೆ ಆರಕ್ಕಲ್ಲ. ಚೆಂಡು ರಿಂಗಿಗೆ ತಗಲಿದ ಮೇಲೆ ಅದನ್ನು ಕೈಯಿಂದ ತಳ್ಳಬಹುದು. ಎನ್‌ಬಿಎಯಲ್ಲಿ ಅದು ರಿಂಗಿನ ಮೇಲಿದ್ದಷ್ಟು ಹೊತ್ತು ಮುಟ್ಟುವ ಹಾಗಿಲ್ಲ. ಯೂರೋಪಿನಲ್ಲಿ ಡಿಫೆಂಡರ್ ಬುಟ್ಟಿಯ ಕೆಳಗೆ ಎಷ್ಟು ಹೊತ್ತು ಬೇಕಾದರೂ ನಿಲ್ಲಬಹುದು. ಹೀಗಾಗಿ ಒಬ್ಬನೇ ಚೆಂಡು ಹೊತ್ತು ನುಗ್ಗುವುದಕ್ಕಿಂತ ಐವರ ಲೆಕ್ಕಾಚಾರಕ್ಕೆ ಬೆಲೆ. ಅಮೆರಿಕದ ಹುಡುಗರು ಮೊದಲ ವರ್ಷ ತಿಣುಕಾಡುವುದು ಇಲ್ಲೇ.

ಹೈನ್ಸ್‌ನದಕ್ಕೆ ತಿರುಗಾಮುರುಗಾ ಕತೆ ಸ್ಟೆಫಾನ್ ಮಾರ್ಬರಿಯದು. 1996ರ ಡ್ರಾಫ್ಟ್‌ನಲ್ಲಿ ನಾಲ್ಕನೆಯವನಾಗಿ ಆಯ್ಕೆಯಾದವನು, ಎರಡು ಸಲ ಆಲ್‌ಸ್ಟಾರ್, ಕೋಟಿಗಟ್ಟಲೆ ಡಾಲರ್ ಕಂಡವನು. 2009ರ ಹೊತ್ತಿಗೆ ಅಮೆರಿಕದಲ್ಲಿ ಅವನ ಹೆಸರು ಕೆಟ್ಟಿತ್ತು. 2010ರಲ್ಲಿ ಚೀನಾದ ಕಲ್ಲಿದ್ದಲು ಸೀಮೆ ಶಾನ್ಷಿಗೆ ಹೋದ. ತನ್ನ ಅಗ್ಗದ ಬೂಟುಗಳನ್ನು ಅಲ್ಲಿ ಮಾರುವ ಲೆಕ್ಕವೂ ಇತ್ತು. ಶಾನ್ಷಿಯವರು ಕೈಬಿಟ್ಟರು, ಫೋಶಾನ್‌ನಲ್ಲಿ ಒಂದು ಋತು ಕಳೆಯಿತು, ಕೊನೆಗೆ ಬೀಜಿಂಗ್ ಡಕ್ಸ್. 2012ರ ಫೈನಲ್‌ನಲ್ಲಿ ಗುವಾಂಗ್‌ಡಾಂಗ್ ವಿರುದ್ಧ ಐದನೇ ಪಂದ್ಯದಲ್ಲಿ 41 ಅಂಕ ಹೊಡೆದು ತಂಡಕ್ಕೆ ಮೊದಲ ಪಟ್ಟ ತಂದ. ಕ್ರೀಡಾಂಗಣದ ಹೊರಗೆ ಅವನ ಪ್ರತಿಮೆ ನಿಂತಿತು. 2014, 2015ರಲ್ಲಿ ಮತ್ತೆ ಗೆಲುವು. ಅಭಿಮಾನಿಗಳಿಗೆ ಅವನು ‘ಕಮಿಸಾರ್ ಮಾ’. ಅವನು ಮೆಟ್ರೋದಲ್ಲಿ ಓಡಾಡುತ್ತಿದ್ದ, ಅಲ್ಲೇ ಉಳಿದ, ಖಾಯಂ ವಾಸದ ಪರವಾನಗಿಯೂ ಸಿಕ್ಕಿತು.

ಇವರಿಬ್ಬರನ್ನು ನೋಡಿ ಎಲ್ಲರ ಬದುಕೂ ಹೀಗೇ ಅಂದುಕೊಳ್ಳಬೇಡಿ. ಬಹುಪಾಲು ಒಪ್ಪಂದಗಳು ಒಂದೇ ವರ್ಷದವು. ಕ್ಲಬ್ಬು ಸಾಮಾನ್ಯವಾಗಿ ಮನೆ, ಊರಿಗೆ ಹೋಗಿಬರುವ ಟಿಕೆಟ್, ಕೆಲವೊಮ್ಮೆ ಕಾರು ಕೊಡುತ್ತದೆ. ಯೂರೋಪಿನಲ್ಲಿ ತೆರಿಗೆ ಕಳೆದ ಸಂಬಳವನ್ನೇ ಮಾತಾಡುತ್ತಾರೆ. ಯೂರೋಲೀಗ್‌ನ ಶಿಖರದಲ್ಲಿ ವರ್ಷಕ್ಕೆ ದಶಲಕ್ಷಗಟ್ಟಲೆ ಯೂರೋ, ಸಣ್ಣ ಲೀಗ್‌ಗಳಲ್ಲಿ ತಿಂಗಳಿಗೆ ಒಂದೆರಡು ಸಾವಿರ ಡಾಲರ್. ಎಷ್ಟೋ ಲೀಗ್‌ಗಳಲ್ಲಿ ವಿದೇಶಿಯರ ಸಂಖ್ಯೆಗೆ ಮಿತಿ ಇರುವುದರಿಂದ ಬಂದ ಒಬ್ಬಿಬ್ಬರ ಮೇಲೇ ಎಲ್ಲರ ಕಣ್ಣು. ಮೂರು ಪಂದ್ಯ ಸೋತರೆ ಮೊದಲು ಪೆಟ್ಟಿಗೆ ಕಟ್ಟುವವನು ವಿದೇಶಿಯೇ. ಫಿಲಿಪ್ಪೀನ್ಸ್‌ನ ಪಿಬಿಎಯಲ್ಲಿ ಕೆಲವು ಟೂರ್ನಿಗಳಿಗೆ ವಿದೇಶಿ ಆಟಗಾರನ ಎತ್ತರಕ್ಕೂ ಮಿತಿ ಹಾಕಿ ಟೇಪು ಹಿಡಿದು ಅಳೆಯುತ್ತಾರೆ. ಊರಲ್ಲೆಲ್ಲ ಒಂದಂಗುಲ ಜಾಸ್ತಿ ಹೇಳಿಕೊಂಡು ಬಂದವನು ಅಲ್ಲಿ ಒಂದಂಗುಲ ಕುಗ್ಗಬೇಕು!

ನಮ್ಮವರೂ ಹೋಗಿದ್ದಾರೆ. ಕೇರಳದ ಗೀತು ಅನ್ನಾ ಜೋಸ್ ಆಸ್ಟ್ರೇಲಿಯಾದ ರಿಂಗ್‌ವುಡ್ ಹಾಕ್ಸ್‌ಗೆ ಆಡಿದ ಹೊತ್ತಿಗೆ ನಮ್ಮಲ್ಲಿ ಅದು ಹೊಸ ಸುದ್ದಿ. 2017ರಲ್ಲಿ ಪಂಜಾಬಿನ ಅಮೃತ್‌ಪಾಲ್ ಸಿಂಗ್ ಸಿಡ್ನಿ ಕಿಂಗ್ಸ್ ಸೇರಿದ. ಸತ್ನಾಮ್ ಸಿಂಗ್‌ನ ಹೆಸರು 2015ರಲ್ಲಿ ಎನ್‌ಬಿಎ ಡ್ರಾಫ್ಟ್‌ನಲ್ಲೇ ಬಂತು, ಆದರೆ ಅವನನ್ನು ಆರಿಸಿಕೊಂಡ ಡಲ್ಲಾಸ್ ಪರ ಎನ್‌ಬಿಎ ಪಂದ್ಯ ಆಡುವ ಯೋಗ ಬರಲಿಲ್ಲ.

ಈ ವೃತ್ತಿಯ ದೊಡ್ಡ ಪೀಡೆ ಗಾಯವಲ್ಲ, ಬಾಕಿ ಸಂಬಳ. ತಂಡ ಸೋಲತೊಡಗಿದರೆ ಅಥವಾ ಪ್ರಾಯೋಜಕ ಕೈಕೊಟ್ಟರೆ ಕ್ಲಬ್ಬಿನ ಕಚೇರಿಯಲ್ಲಿ ‘ಮುಂದಿನ ವಾರ’ ಎಂಬ ಮಾತು ಶುರುವಾಗುತ್ತದೆ. ಪರದೇಶದ ಕೋರ್ಟು, ಗೊತ್ತಿಲ್ಲದ ಭಾಷೆ, ಹುಡುಗ ಎಲ್ಲಿಗೆ ಹೋಗಬೇಕು? ಇದಕ್ಕೆಂದೇ 2007ರಲ್ಲಿ ಬ್ಯಾಸ್ಕೆಟ್‌ಬಾಲ್‌ನ ವಿಶ್ವ ಸಂಸ್ಥೆ ಫೀಬಾ ಒಂದು ಪಂಚಾಯ್ತಿ ಕಟ್ಟೆ ಹಾಕಿತು. ಈಗ ಅದರ ಹೆಸರು ಬ್ಯಾಸ್ಕೆಟ್‌ಬಾಲ್ ಆರ್ಬಿಟ್ರಲ್ ಟ್ರಿಬ್ಯೂನಲ್, ಪೀಠ ಜಿನೀವಾದಲ್ಲಿ. ಒಬ್ಬನೇ ಪಂಚ, ವ್ಯವಹಾರ ಇಂಗ್ಲಿಷಿನಲ್ಲಿ. ಯಾವುದೋ ದೇಶದ ಕಾನೂನು ಪುಸ್ತಕಕ್ಕೆ ಜೋತುಬೀಳದೆ ನ್ಯಾಯ ಯಾವುದು ಎಂದು ನೋಡಿ ತೀರ್ಪು. ಕ್ಲಬ್ಬು ಕೊಡದಿದ್ದರೆ ಹೊಸ ವಿದೇಶಿ ಆಟಗಾರರನ್ನು ಸೇರಿಸಿಕೊಳ್ಳದಂತೆ ಫೀಬಾ ತಡೆಯಬಹುದು. ಆ ಏಟು ಕ್ಲಬ್ಬುಗಳಿಗೆ ಬೇಗ ನಾಟುತ್ತದೆ.

ಹಾಗಾಗಿ ನಿಮ್ಮ ಅಕ್ಕನ ಮಗನ ಕೈಗೆ ಎಂದಾದರೂ ಅಂಥ ಒಪ್ಪಂದದ ಕಾಗದ ಬಂದರೆ, ಸಂಬಳದ ಅಂಕಿ ನೋಡುವ ಮೊದಲು ಕೊನೆಯ ಪುಟ ತಿರುವಲು ಹೇಳಿ. ವ್ಯಾಜ್ಯವನ್ನು ಆ ಜಿನೀವಾ ಪೀಠಕ್ಕೆ ಒಪ್ಪಿಸುತ್ತೇವೆ ಎಂಬ ಸಾಲು ಅಲ್ಲಿರಬೇಕು. ಆ ಸಾಲಿಗೆ ಇಬ್ಬರೂ ಒಪ್ಪಿರದಿದ್ದರೆ ಪೀಠದವರು ದೂರನ್ನು ಕೈಗೆತ್ತಿಕೊಳ್ಳುವುದೇ ಇಲ್ಲ.