ಪಂಚ್ ಬಿದ್ದಾಗ ಕೀಬೋರ್ಡ್ ಮುಟ್ಟದೆ ಇರಬಲ್ಲಿರಾ?

ಪ್ರಶ್ನೆ: ನಮ್ಮದು ಹೊಳಲ್ಕೆರೆ ತಾಲ್ಲೂಕಿನ ಚಿಕ್ಕಜಾಜೂರು. ಟಿವಿಯ ಕಾಮಿಡಿ ಶೋ ಒಂದರಲ್ಲಿ ಮಿಮಿಕ್ರಿ, ಸ್ಕಿಟ್ ಮಾಡುತ್ತೇನೆ. ಆರ್ಕೆಸ್ಟ್ರಾದಲ್ಲಿ ಕೀಬೋರ್ಡ್ ನುಡಿಸಿದ ಅಭ್ಯಾಸವಿದೆ. ಪರಿಚಯದ ನಿರ್ದೇಶಕರೊಬ್ಬರು ತಮ್ಮ ಮೊದಲ ಸಿನಿಮಾಗೆ ಹಿನ್ನೆಲೆ ಸಂಗೀತ ನೀನೇ ಮಾಡು ಎನ್ನುತ್ತಿದ್ದಾರೆ. ದುಡ್ಡು ಆಮೇಲಂತೆ. ಶೋ ಬಿಡಬೇಕು. "ಈಗಿನ್ನೂ ಜನ ನಿನ್ನ ಮುಖ ಗುರುತಿಸ್ತಿದಾರೆ, ಮುಖ ಕಾಣದ ಕೆಲಸ ಯಾಕೆ?" ಎಂದು ಅಪ್ಪ ಮುನಿಸಿಕೊಂಡಿದ್ದಾರೆ. ಏನು ಮಾಡಲಿ?

ಉತ್ತರ: ನಿಮ್ಮ ಅಪ್ಪನ ಪ್ರಶ್ನೆಯನ್ನು ತಳ್ಳಿಹಾಕಬೇಡಿ. ಟಿವಿಯ ಹೆಸರು ಸಿನಿಮಾ ಸಂಗೀತದ ಬಾಗಿಲು ತೆರೆದೀತು, ಒಳಗಿನ ಕೆಲಸ ಕಲಿಸುವುದಿಲ್ಲ. ಚಂದನ್ ಶೆಟ್ಟಿ 2018ರಲ್ಲಿ ಬಿಗ್ ಬಾಸ್ ಗೆದ್ದರು ಎಂಬುದು ಎಲ್ಲರಿಗೂ ನೆನಪಿದೆ. ಅದಕ್ಕೂ ಮೊದಲು ಸಂಗೀತ ನಿರ್ದೇಶಕ ಅರ್ಜುನ್ ಜನ್ಯ ಅವರ ಬಳಿ ಸಹಾಯಕರಾಗಿ ದುಡಿದದ್ದು ಎಷ್ಟು ಜನಕ್ಕೆ ಗೊತ್ತು? ಅವರು ಹಾಡು ಮಾಡಿದ 'ಪೊಗರು' (2021) ಚಿತ್ರಕ್ಕೂ ಹಿನ್ನೆಲೆ ಸಂಗೀತ ವಿ. ಹರಿಕೃಷ್ಣ ಅವರದು. ಹಾಡೇ ಬೇರೆ, ಹಿನ್ನೆಲೆಯೇ ಬೇರೆ. ವಾಸುಕಿ ವೈಭವ್ ಅವರದಂತೂ ಉಲ್ಟಾ ದಾರಿ: ರಂಗಭೂಮಿ, ಆಮೇಲೆ 'ರಾಮಾ ರಾಮಾ ರೇ' (2016) ಚಿತ್ರದ ಸಂಗೀತ, ಬಿಗ್ ಬಾಸ್ ಮನೆ ಬಂದದ್ದು 2019ರಲ್ಲಿ.

ನಿಮ್ಮಲ್ಲಿ ಒಂದು ಬಂಡವಾಳವಿದೆ, ಟೈಮಿಂಗ್. ಮಾತಿನ ನಡುವೆ ಎಷ್ಟು ಹೊತ್ತು ತಡೆದರೆ ನಗು ಬರುತ್ತದೆ ಎಂಬುದು ಸಂಗೀತ ಕಾಲೇಜಿನಲ್ಲಿ ಸಿಗುವ ಪಾಠವಲ್ಲ. ಆದರೆ ಕಾಮಿಡಿ ಶೋದಲ್ಲಿ ಪ್ರತಿ ಪಂಚ್‌ಗೂ ಕೀಬೋರ್ಡಿನವರು 'ಟಿಂಗ್' ಅನ್ನಿಸುತ್ತಾರಲ್ಲ, ಆ ಚಟವನ್ನು ಸಿನಿಮಾಕ್ಕೆ ತಂದರೆ ಕೆಟ್ಟಿರಿ. (ನಮ್ಮ ಎಷ್ಟೋ ಧಾರಾವಾಹಿಗಳಿಗೆ ಈ ಬುದ್ಧಿವಾದ ಯಾರೂ ಹೇಳಲಿಲ್ಲ!) ನಿಮ್ಮ ಜಿಲ್ಲೆಯ ಕೋಟೆಯಲ್ಲೇ ಚಿತ್ರೀಕರಣವಾದ ಪುಟ್ಟಣ್ಣನವರ 'ನಾಗರಹಾವು' (1972) ಇನ್ನೊಮ್ಮೆ ನೋಡಿ. ಹಾಡು ಬಂದಾಗ ಓಡಿಸಿಬಿಡಿ. ಸಂಗೀತ ನಿರ್ದೇಶಕ ವಿಜಯಭಾಸ್ಕರ್ ಎಲ್ಲೆಲ್ಲಿ ವಾದ್ಯ ನಿಲ್ಲಿಸಿದ್ದಾರೆ ಎಂದು ಬರೆದಿಟ್ಟುಕೊಳ್ಳಿ.

ಇಡೀ ಸಿನಿಮಾ ಈಗಲೇ ಒಪ್ಪಿಕೊಳ್ಳಬೇಡಿ, ಶೋವನ್ನೂ ಬಿಡಬೇಡಿ. ಹತ್ತು ನಿಮಿಷದ ದೃಶ್ಯ ಕೇಳಿ ಪಡೆದು, ಎರಡು ಬಗೆಯಲ್ಲಿ ಸಂಗೀತ ಕೂರಿಸಿ ತೋರಿಸಿ. ಅದು ಅವರಿಗೆ ಹಿಡಿಸಿದರೆ ಮುಂದಿನ ಮಾತು. ಬೆಂಗಳೂರು–ಹುಬ್ಬಳ್ಳಿ ರೈಲು ನಿಮ್ಮೂರ ಜಂಕ್ಷನ್ ಮೇಲೇ ಹೋಗುತ್ತದೆ. ಶೋದ ಶೂಟಿಂಗ್ ಇಲ್ಲದ ದಿನಗಳಲ್ಲಿ ಬೆಂಗಳೂರಿಗೆ ಹೋಗಿ, ಅನುಭವವಿರುವ ಸಂಗೀತ ನಿರ್ದೇಶಕರ ಬಳಿ ಸಹಾಯಕರಾಗಿ ಕೂರಲು ಅವಕಾಶ ಕೇಳಿ. ಮಿಕ್ಸಿಂಗ್‌ನಲ್ಲಿ ಸಂಭಾಷಣೆಯ ಕೆಳಗೆ ಸಂಗೀತ ಹೇಗೆ ತಗ್ಗುತ್ತದೆ ಎಂಬುದು ಅಲ್ಲೇ ಕಣ್ಣಿಗೆ ಬೀಳುವುದು.

ದುಡ್ಡಿನ ವಿಷಯ. 'ಹೆಸರು ಬರುತ್ತೆ' ಎಂಬ ಸಂಬಳದಲ್ಲಿ ಅಕ್ಕಿ ಬರುವುದಿಲ್ಲ. ಮುಂಗಡ ಎಷ್ಟು, ವಾದ್ಯದವರ ಖರ್ಚು, ಸ್ಟುಡಿಯೋ ಬಾಡಿಗೆ ಯಾರದು, ಎಲ್ಲವೂ ಕಾಗದದ ಮೇಲೆ ಬರಲಿ. 2012ರ ಕಾಪಿರೈಟ್ ತಿದ್ದುಪಡಿಯ ಪ್ರಕಾರ, ಚಿತ್ರಮಂದಿರದಲ್ಲಿ ಸಿನಿಮಾ ಜೊತೆಗಲ್ಲದೆ ಬೇರೆಡೆ ನಿಮ್ಮ ಸಂಗೀತ ಬಳಕೆಯಾದಾಗ ಬರುವ ರಾಯಧನದ ಸಮಪಾಲನ್ನು ನಿರ್ಮಾಪಕರಿಗೆ ಬಿಟ್ಟುಕೊಡುವಂತಿಲ್ಲ. ಹಾಗೆ ಬರೆಸಿಕೊಳ್ಳಲು ಬಂದರೆ ಸಹಿ ಹಾಕಬೇಡಿ, ವಕೀಲರಿಗೆ ತೋರಿಸಿ.

ಅಪ್ಪನಿಗೆ ಆ ಹತ್ತು ನಿಮಿಷವನ್ನು ಮೊದಲು ಸಂಗೀತವಿಲ್ಲದೆ, ಆಮೇಲೆ ನಿಮ್ಮ ಸಂಗೀತದೊಡನೆ ತೋರಿಸಿ. ವಾದ ಮಾಡಬೇಡಿ.