ರೊಮಿಲಾ ಥಾಪರ್ ಕೃತಿಗಳು ಮತ್ತು ಮಸ್ಕಿ ಶಾಸನ

ಇತಿಹಾಸಕಾರ್ತಿ ರೊಮಿಲಾ ಥಾಪರ್ ಜನನ 1931, ಲಖನೌ. 1958ರಲ್ಲಿ ಎ.ಎಲ್. ಬಾಷಮ್ ಮಾರ್ಗದರ್ಶನದಲ್ಲಿ ಲಂಡನ್ ವಿಶ್ವವಿದ್ಯಾಲಯದ ಡಾಕ್ಟರೇಟ್. ಮುಂದೆ ದೆಹಲಿಯ ಜೆಎನ್‌ಯುನಲ್ಲಿ ಪ್ರಾಧ್ಯಾಪಕಿ. 2008ರ ಕ್ಲೂಗೆ ಪ್ರಶಸ್ತಿಯನ್ನು ಪೀಟರ್ ಬ್ರೌನ್ ಜೊತೆ ಹಂಚಿಕೊಂಡರು. ಪದ್ಮಭೂಷಣವನ್ನು ಎರಡು ಸಲ (1992, 2005) ನಿರಾಕರಿಸಿದರು.

ಪರೀಕ್ಷೆಗೆ ಅತಿ ಮುಖ್ಯವಾದ ಕೃತಿ ‘ಅಶೋಕ ಅಂಡ್ ದಿ ಡಿಕ್ಲೈನ್ ಆಫ್ ದಿ ಮೌರ್ಯಾಸ್’ (1961). ಮೌರ್ಯರ ಪತನಕ್ಕೆ ಹರಪ್ರಸಾದ ಶಾಸ್ತ್ರಿ ಬ್ರಾಹ್ಮಣರ ಪ್ರತಿಕ್ರಿಯೆಯನ್ನೂ ಹೇಮಚಂದ್ರ ರಾಯಚೌಧುರಿ ಅಶೋಕನ ಅಹಿಂಸಾ ನೀತಿಯನ್ನೂ ಕಾರಣವೆಂದಿದ್ದರು. ಥಾಪರ್ ಎರಡನ್ನೂ ಒಪ್ಪಲಿಲ್ಲ. ಅರಸನ ವೈಯಕ್ತಿಕ ಸಾಮರ್ಥ್ಯವನ್ನೇ ನೆಚ್ಚಿದ ಅತಿಕೇಂದ್ರೀಕೃತ ಆಡಳಿತ, ಜನರಲ್ಲಿ ರಾಷ್ಟ್ರಪ್ರಜ್ಞೆ ಇಲ್ಲದಿದ್ದುದು ಅವರು ಕೊಟ್ಟ ಕಾರಣಗಳು. ವಿವರಣಾತ್ಮಕ ಉತ್ತರದಲ್ಲಿ ಈ ಮೂರೂ ವಾದಗಳು ಇರಲೇಬೇಕು.

ಅಶೋಕನ ಅಧ್ಯಯನಕ್ಕೆ ನಮ್ಮ ನೆಲದ ಕೊಡುಗೆ ದೊಡ್ಡದು. ಹಿಂದೆ ಲಿಂಗಸುಗೂರು ತಾಲ್ಲೂಕಿನಲ್ಲಿದ್ದ ಮಸ್ಕಿಯಲ್ಲಿ 1915ರಲ್ಲಿ ಗಣಿ ಎಂಜಿನಿಯರ್ ಸಿ. ಬೀಡನ್ ಕಿರು ಬಂಡೆಶಾಸನವೊಂದನ್ನು ಕಂಡರು. ಬ್ರಾಹ್ಮಿ ಲಿಪಿ, ಪ್ರಾಕೃತ ಭಾಷೆ. ಆರಂಭದಲ್ಲೇ ‘ದೇವಾನಂಪಿಯ’ ಬಿರುದಿನ ಪಕ್ಕದಲ್ಲಿ ‘ಅಸೋಕ’ ಎಂಬ ಹೆಸರು! ಶಾಸನಗಳ ದೇವಾನಂಪ್ರಿಯನೇ ಅಶೋಕ ಎಂಬುದು ಖಚಿತವಾದದ್ದು ಇಲ್ಲಿಂದ. ಗುಜರ್ರಾ, ನಿಟ್ಟೂರು, ಉಡೇಗೋಳ ಶಾಸನಗಳಲ್ಲೂ ಈ ಹೆಸರಿದೆ.

ಥಾಪರ್ ಅವರ ಇತರ ಕೃತಿಗಳಲ್ಲಿ ‘ಶಕುಂತಲಾ: ಟೆಕ್ಸ್ಟ್ಸ್, ರೀಡಿಂಗ್ಸ್, ಹಿಸ್ಟರೀಸ್’ (1999) ಲಿಂಗ ದೃಷ್ಟಿಯ ಕೃತಿ. ಮಹಾಭಾರತದ ದಿಟ್ಟ ಶಕುಂತಲೆ ಕಾಳಿದಾಸನಲ್ಲಿ ವಿನೀತೆಯಾದದ್ದನ್ನೂ, 1789ರ ವಿಲಿಯಂ ಜೋನ್ಸ್ ಅನುವಾದದ ನಂತರ ಆಕೆ ಯುರೋಪಿನಲ್ಲಿ ಪಡೆದ ರೂಪವನ್ನೂ ಇದು ಪರಿಶೀಲಿಸುತ್ತದೆ. ರಾಷ್ಟ್ರೀಯತೆಯ ಕುರಿತು ‘ಆನ್ ನ್ಯಾಷನಲಿಸಂ’ (2016): ಎ.ಜಿ. ನೂರಾನಿ, ಸದಾನಂದ ಮೆನನ್ ಸಹಲೇಖಕರು.

ಸಿಂಧನೂರು, ಲಿಂಗಸುಗೂರಿನಲ್ಲಿ ಓದುತ್ತಿರುವವರು ಒಮ್ಮೆ ಮಸ್ಕಿಗೆ ಹೋಗಿ ಆ ಬಂಡೆಯನ್ನು ನೋಡಿ ಬನ್ನಿ.