ಮರಳುಗಾಡಿನಲ್ಲಿ ಬಾಳೆ

ಬಾಳೆಯು ತೇವವನ್ನು ಬಯಸುವ ಗಿಡವೆಂಬುದನ್ನು ನಾವೆಲ್ಲರೂ ಬಲ್ಲೆವು. ಆದರೆ ವರ್ಷಕ್ಕೆ ಸರಾಸರಿ 100 ಮಿಲಿಮೀಟರಿನಷ್ಟು ಮಾತ್ರ ಮಳೆ ಬೀಳುವ ಓಮಾನ್ ದೇಶದಲ್ಲಿಯೂ ಅದು ಗೊನೆ ಬಿಡುತ್ತದೆ. ಅಲ್ಲಿಯ ಒಳನಾಡಿನ ನಿಜ್ವಾ ಪಟ್ಟಣದಲ್ಲಿ ಬೇಸಗೆಯ ಉಷ್ಣತೆ 45 ಡಿಗ್ರಿ ಸೆಂಟಿಗ್ರೇಡಿನವರೆಗೂ ಏರುವುದುಂಟು. ಇದು ಹೇಗೆ ಸಾಧ್ಯವೆಂಬುದನ್ನು ವಿಚಾರಿಸೋಣ.

ಬಾಳೆಗೆ ಹಿತವಾದ ಉಷ್ಣತೆ 27 ಡಿಗ್ರಿಯ ಆಸುಪಾಸಿನದು. 38ನ್ನು ಮೀರಿದರೆ ಬೆಳವಣಿಗೆ ಕುಂಠಿತವಾಗುತ್ತದೆ. ಅದರ ಅಗಲವಾದ ಎಲೆಗಳ ಎರಡು ಮೈಗಳಲ್ಲಿಯೂ, ವಿಶೇಷವಾಗಿ ಕೆಳಮೈಯಲ್ಲಿ, ಪತ್ರರಂಧ್ರಗಳಿವೆ. ಅವುಗಳ ಮೂಲಕ ನೀರು ಆವಿಯಾಗಿ ಹೊರಬೀಳುವುದರಿಂದ ಎಲೆ ತಂಪಾಗುತ್ತದೆ. ಇದೇ ಬಾಷ್ಪವಿಸರ್ಜನೆ. ಗಾಳಿ ಒಣಗಿದಷ್ಟೂ ಈ ವೆಚ್ಚ ಹೆಚ್ಚು. ಬೇರುಗಳಾದರೋ ಬಹುಪಾಲು ಮೇಲುಮಣ್ಣಿನಲ್ಲಿಯೇ ಹರಡಿರುತ್ತವೆ. ಆಳದ ನೀರು ಅವಕ್ಕೆ ಎಟುಕದು. ನೀರು ಸಾಲದಾದಾಗ ಎಲೆಯ ಎರಡು ಪಕ್ಕಗಳೂ ನಡುದಿಂಡಿನಿಂದ ಕೆಳಕ್ಕೆ ಮಡಿಚಿಕೊಳ್ಳುತ್ತವೆ. ನಮ್ಮ ಹಿತ್ತಿಲ ಬಾಳೆಯನ್ನು ಬೇಸಗೆಯ ಮುಂಜಾನೆಯೊಮ್ಮೆ, ನಡುಹಗಲಿನಲ್ಲೊಮ್ಮೆ ನೋಡಿದರೆ ಈ ವ್ಯತ್ಯಾಸ ತಿಳಿಯುವುದು. ರಂಧ್ರಗಳು ಮುಚ್ಚಿದರೆ ನೀರೇನೋ ಉಳಿಯುತ್ತದೆ. ಆದರೆ ಇಂಗಾಲದ ಡೈಆಕ್ಸೈಡ್ ಒಳಸೇರದೆ ಆಹಾರದ ತಯಾರಿಕೆಯೂ ನಿಲ್ಲುತ್ತದೆ.

ಆದುದರಿಂದ ಮರಳುಗಾಡಿನ ಬಾಳೆಗೆ ಎರಡು ಅನುಕೂಲಗಳು ಬೇಕು: ಬೇರಿಗೆ ತಪ್ಪದ ನೀರು, ಎಲೆಗೆ ಬಿಸಿಲು ಮತ್ತು ಒಣಗಾಳಿಯಿಂದ ರಕ್ಷಣೆ. ಓಮಾನಿನ ರೈತರು ಇವೆರಡನ್ನೂ ಒದಗಿಸಿದ್ದಾರೆ. 'ಫಲಜ್' ಎಂಬ ಕಾಲುವೆಯು ನೆಲದ ಇಳಿಜಾರೊಂದರಿಂದಲೇ ನೀರನ್ನು ತೋಟಕ್ಕೆ ತರುತ್ತದೆ. ಯಂತ್ರದ ನೆರವು ಬೇಕಿಲ್ಲ. ಆ ನೀರನ್ನು ಹೊತ್ತಿನ ಲೆಕ್ಕದಲ್ಲಿ ಸರದಿಯಂತೆ ಹಂಚಿಕೊಳ್ಳುತ್ತಾರೆ. 2006ರಲ್ಲಿ ಇಂತಹ ಐದು ಕಾಲುವೆಗಳು ಯುನೆಸ್ಕೋದ ವಿಶ್ವಪರಂಪರೆಯ ಪಟ್ಟಿಗೆ ಸೇರಿದವು. ತೋಟದಲ್ಲಿ ಎತ್ತರದ ಖರ್ಜೂರದ ಮರಗಳು ಬಿಸಿಲನ್ನೂ ಗಾಳಿಯನ್ನೂ ತಡೆಯುತ್ತವೆ. ಅವುಗಳ ಕೆಳಗೆ ಬಾಳೆ, ನಿಂಬೆ. ನೆಲದಲ್ಲಿ ಮೇವಿನ ಬೆಳೆ. ಗಿಡಗಳು ಬಿಟ್ಟ ಆವಿ ಕೂಡಲೇ ಚದರದೆ ಅಲ್ಲಿಯೇ ಕೆಲಹೊತ್ತು ನಿಲ್ಲುತ್ತದೆ. ನಮ್ಮಲ್ಲಿ ಎಳೆಯ ಅಡಕೆಸಸಿಗೆ ನೆರಳು ಕೊಡುವ ಬಾಳೆ, ಅಲ್ಲಿ ತಾನೇ ನೆರಳನ್ನು ಬೇಡುತ್ತದೆ.

ಆದರೆ ನೀರಿದ್ದರಷ್ಟೇ ಸಾಲದು, ಅದು ಸಿಹಿಯಾಗಿಯೂ ಇರಬೇಕು. ಓಮಾನಿನ ಬಾತಿನಾ ಕರಾವಳಿಯಲ್ಲಿ 1970ರ ತರುವಾಯ ಪಂಪುಗಳಿಂದ ಮಿತಿಮೀರಿ ನೀರೆತ್ತಿದುದರಿಂದ ಅಂತರ್ಜಲವಿಳಿದು, ಕಡಲ ನೀರು ನೆಲದೊಳಗೆ ಸರಿದು, ಅನೇಕ ಬಾವಿಗಳು ಉಪ್ಪಾದವು. ಖರ್ಜೂರವು ಉಪ್ಪನ್ನು ಬಹುಮಟ್ಟಿಗೆ ತಾಳಬಲ್ಲುದು, ಬಾಳೆ ತಾಳಲಾರದು. ಅದರ ಎಲೆಯಂಚು ಸುಟ್ಟಂತೆ ಕಂದುತ್ತದೆ. ನೆರಳನ್ನು ಮರ ಕೊಟ್ಟೀತು. ಸಿಹಿನೀರನ್ನು ಮಾತ್ರ ಮನುಷ್ಯನೇ ಮಿತವಾಗಿ ಬಳಸಿ ಉಳಿಸಿಕೊಳ್ಳಬೇಕು. ಆ ಮಿತಿ ತಪ್ಪಿತೆಂಬುದನ್ನು ತೋಟದಲ್ಲಿ ಮೊದಲು ಸಾರುವ ಗಿಡಗಳಲ್ಲಿ ಬಾಳೆಯೂ ಒಂದು.